ತುಪ್ಪದ ಜಾಡಿಯ ತಳ

"ಬುದ್ಧಿ, ಆರೋಪ ಹೊತ್ತವನು ಎದುರು ವಾದಿಸಬಹುದೇ?" ಎಂದು ಶಿಷ್ಯ ಕೇಳಿದ.

ಯಾರ ವಿಷಯ ಎಂದು ಗುರುಗಳು ವಿಚಾರಿಸಿದರು.

"ನಮ್ಮ ಮಠದ ಅಡುಗೆಯ ಕಲ್ಲಯ್ಯನದು. ಮಜ್ಜಿಗೆಗೆ ಮಿತಿಮೀರಿ ನೀರು ಬೆರೆಸುತ್ತಾನೆ. ಈ ಮಧ್ಯಾಹ್ನ ನಾನೇ ಹಂಡೆಯಿಂದ ಒಂದು ಸೌಟು ತೆಗೆದು ನೋಡಿದೆ. ಬರೀ ನೀರು! ಕೆಲಸ ಬಿಟ್ಟು ಹೋಗು ಎಂದೆ. ತಪ್ಪು ಒಪ್ಪಿಕೊಳ್ಳುವುದು ಬಿಟ್ಟು, ನೀವು ನೋಡಿದ್ದೇ ಸರಿಯಿಲ್ಲ ಎನ್ನುತ್ತಾನೆ."

ಕಲ್ಲಯ್ಯ ಬಟ್ಟೆಯ ಗಂಟು ಕಟ್ಟಿಕೊಂಡು ಅಂಗಳದಲ್ಲಿ ಕುಳಿತಿದ್ದ. ಗುರುಗಳು ಅತ್ತ ಒಮ್ಮೆ ನೋಡಿ, ಈ ಕತೆ ಹೇಳಿದರು.

ಒಂದು ಪಟ್ಟಣದಲ್ಲಿ ಇಬ್ಬರು ವ್ಯಾಪಾರಿಗಳು ಸೇರಿ ತುಪ್ಪದ ಕಂಪನಿ ನಡೆಸುತ್ತಿದ್ದರು. ಕಿರಿಯವನು ಹಳ್ಳಿಗಳಿಂದ ಬೆಣ್ಣೆ ತಂದು ಕಾಯಿಸುತ್ತಿದ್ದ. ಹಿರಿಯವನು ಅಂಗಡಿಯಲ್ಲಿ ಕುಳಿತು ಮಾರುತ್ತಿದ್ದ. ಬಾಣಂತಿಯರಿಗೂ ಎಳೆಮಕ್ಕಳಿಗೂ ಜನ ಅಲ್ಲಿಂದಲೇ ತುಪ್ಪ ಒಯ್ಯುತ್ತಿದ್ದರು.

ಆ ಪಟ್ಟಣಕ್ಕೆ ಹೊಸ ಪರೀಕ್ಷಾಧಿಕಾರಿ ಬಂದ. ಅಲ್ಲಿಯವರೆಗೆ ಅವನು ಗಾಣದ ಎಣ್ಣೆಯನ್ನಷ್ಟೇ ಪರೀಕ್ಷಿಸಿ ಬಲ್ಲವನು. ಅಂಗಡಿಯ ದೊಡ್ಡ ಜಾಡಿಯನ್ನು ಬಗ್ಗಿಸಿ ಕುಡಿಕೆಗಳಿಗೆ ತುಪ್ಪ ಸುರಿದುಕೊಂಡ. ಜಾಡಿಗೆ ಮುದ್ರೆ ಹಾಕಿದ. ಕುಡಿಕೆಗಳನ್ನು ಒಯ್ದು ಒದ್ದೆ ಮರಳಿನಲ್ಲಿ ಇಟ್ಟ. ಒಳ್ಳೆಯ ತುಪ್ಪ ತಂಪಿಗೆ ಹರಳುಗಟ್ಟಬೇಕು. ಇದು ಗಟ್ಟಿಯಾಗಲೇ ಇಲ್ಲ. ಎಣ್ಣೆ ಬೆರೆಸಿದ್ದಾರೆ ಎಂದು ಕಂಪನಿಯ ಮೇಲೆ ಮೊಕದ್ದಮೆ ಹೂಡಿದ. ಅಪರಾಧ ರುಜುವಾತಾದರೆ ಇಬ್ಬರಿಗೂ ಸೆರೆವಾಸ.

ಕಿರಿಯವನು ಕಾಯಿದೆ ಬಲ್ಲವರನ್ನು ಕೇಳಿಕೊಂಡು ಓಡಿಬಂದ.

"ಅಣ್ಣಾ, ಬದುಕಿದೆವು! ತುಂಬಿದ ಕುಡಿಕೆಗಳಲ್ಲಿ ಒಂದನ್ನು ನಮಗೆ ಕೊಡಬೇಕಂತೆ. ಆ ಮಹಾರಾಯ ಕೊಟ್ಟಿಲ್ಲ. ಇದೊಂದು ಮಾತು ಹೇಳಿದರೆ ಸಾಕು, ಮೊಕದ್ದಮೆ ಬಿದ್ದುಹೋಗುತ್ತದೆ."

"ನಾವು ಬಿಡುಗಡೆಯಾಗುತ್ತೇವೆ. ನಮ್ಮ ತುಪ್ಪ? ಆಮೇಲೆ ಯಾವ ತಾಯಿ ಅದನ್ನು ಮಗುವಿಗೆ ತಿನ್ನಿಸುತ್ತಾಳೆ?"

"ಹಾಗಾದರೆ ಏನು ಮಾಡುತ್ತೀಯ?"

"ಜಾಡಿ ತೆರೆಸುತ್ತೇನೆ."

ಕಿರಿಯವನು ಸುಮ್ಮನಾದ. ಆ ಮೌನ ಹಿರಿಯವನಿಗೆ ಚುಚ್ಚಿತು. ಕಾಯಿಸುವವನು ಇವನು. ಏನಾದರೂ ಸೇರಿಸಿರಬಹುದೇ? ಕೇಳಿಯೇಬಿಡೋಣ ಎನಿಸಿತು. ಕೇಳಲು ಬಾಯಿ ಬರಲಿಲ್ಲ.

ತನ್ನ ಕೈ ದಿನವೂ ಮಾಡುತ್ತಿದ್ದ ಕೆಲಸವೊಂದೇ ಅವನಿಗಿದ್ದ ಧೈರ್ಯ. ಅವನು ಯಾರಿಗೂ ಜಾಡಿ ಬಗ್ಗಿಸಿ ತುಪ್ಪ ಸುರಿದುಕೊಟ್ಟವನಲ್ಲ. ಉದ್ದನೆಯ ಸೌಟನ್ನು ತಳಕ್ಕೆ ಇಳಿಸಿ, ಕಲಕಿ, ಆಮೇಲೆ ಎತ್ತಿ ಕೊಡುತ್ತಿದ್ದ. ಅವನ ತಂದೆಯೂ ಹಾಗೆಯೇ ಕೊಡುತ್ತಿದ್ದ. ಯಾಕೆಂದು ಅಪ್ಪ ಮಗ ಇಬ್ಬರೂ ಯೋಚಿಸಿರಲಿಲ್ಲ. ಮೊಕದ್ದಮೆ ಬಂದಾಗ ಹಿರಿಯವನಿಗೆ ಅದು ಹೊಳೆದಿತ್ತು.

ವಿಚಾರಣೆಯ ದಿನ ಹಿರಿಯವನು ಕುಡಿಕೆಯ ಮಾತೆತ್ತಲಿಲ್ಲ.

"ಸ್ವಾಮಿ, ಎಣ್ಣೆ ಮೇಲೆ ಕೆಳಗೆ ಒಂದೇ. ತುಪ್ಪ ಹಾಗಲ್ಲ. ಅರ್ಧ ಹೆಪ್ಪುಗಟ್ಟಿದ ಜಾಡಿಯಲ್ಲಿ ಹರಳು ತಳಕ್ಕೆ ಕೂರುತ್ತದೆ, ತಿಳಿ ಮೇಲೆ ನಿಲ್ಲುತ್ತದೆ. ಅಧಿಕಾರಿಗಳು ತಿಳಿಯನ್ನಷ್ಟೇ ಒಯ್ದಿದ್ದಾರೆ. ಇಡೀ ಜಾಡಿಯನ್ನು ಕರಗಿಸಿ, ಕಲಕಿ, ಆಮೇಲೆ ನೋಡಿ."

"ಆಗಲೂ ಗಟ್ಟಿಯಾಗದಿದ್ದರೆ?" ಎಂದು ನ್ಯಾಯಾಧಿಕಾರಿ ಕೇಳಿದ.

"ನನ್ನ ವಾದ ಅಲ್ಲಿಗೆ ಮುಗಿಯಿತು. ಶಿಕ್ಷೆ ಕೊಡಿ."

ಮುದ್ರೆ ಒಡೆದು ಜಾಡಿಯನ್ನು ಬಿಸಿನೀರಿನಲ್ಲಿ ಇಟ್ಟರು. ತುಪ್ಪವೆಲ್ಲ ಕರಗಿತು. ಕಲಕಿ ಹೊಸ ಕುಡಿಕೆಗೆ ತುಂಬಿ, ಅದೇ ಒದ್ದೆ ಮರಳಿನಲ್ಲಿ ಇಟ್ಟರು. ಎಲ್ಲರೂ ಕಾದರು. ಹಿರಿಯವನು ಕುಡಿಕೆಯನ್ನು ನೋಡಲಾರದೆ ಕಿರಿಯವನ ಮುಖವನ್ನೇ ನೋಡುತ್ತಿದ್ದ.

ಕೊನೆಗೆ ಪರೀಕ್ಷಾಧಿಕಾರಿಯೇ ಕುಡಿಕೆಯನ್ನು ಎತ್ತಿ ಬೋರಲು ಹಿಡಿದ. ಒಂದು ಹನಿಯೂ ಬೀಳಲಿಲ್ಲ. ಬೆರಳಿನಿಂದ ಕೆದಕಿದ. ಮೇಲಿನಿಂದ ಕೆಳಗಿನವರೆಗೆ ಹರಳು.

"ಎಣ್ಣೆಯ ಅಭ್ಯಾಸದಲ್ಲಿ ತುಪ್ಪವನ್ನು ಅಳೆದೆ. ತಪ್ಪು ನನ್ನದು" ಎಂದ. ನ್ಯಾಯಾಧಿಕಾರಿ ಮೊಕದ್ದಮೆಯನ್ನು ವಜಾ ಮಾಡಿದ. ಅಂದಿನಿಂದ ಆ ಅಧಿಕಾರಿ ಮುದ್ರೆಯ ಜೊತೆಗೆ ಒಂದು ಉದ್ದನೆಯ ಸೌಟನ್ನೂ ಹಿಡಿದುಕೊಂಡೇ ತಿರುಗುತ್ತಿದ್ದ. ಅವನು ಬಂದರೆ ನೆಟ್ಟಗೆ ವ್ಯಾಪಾರ ಮಾಡುವವರು ಹೆದರುತ್ತಿರಲಿಲ್ಲ. ಬೆರಕೆ ಮಾಡುವವರು ಮೊದಲಿಗಿಂತ ಹೆಚ್ಚು ಹೆದರುತ್ತಿದ್ದರು.

ಹೊರಗೆ ಬಂದ ಮೇಲೆ ಹಿರಿಯವನು, "ತಮ್ಮಾ, ನಡುವೆ ಒಂದು ಗಳಿಗೆ ನಿನ್ನ ಮೇಲೂ ಅನುಮಾನ ಬಂತು" ಎಂದ.

"ಒಂದು ಗಳಿಗೆಯೇ? ಕುಡಿಕೆಗಿಂತ ಜಾಸ್ತಿ ನನ್ನ ಮುಖ ನೋಡಿದೆಯಲ್ಲ! ನಡೆ, ಅಂಗಡಿ ತೆರೆಯೋಣ" ಎಂದ ಕಿರಿಯವನು.

ಗುರುಗಳು ಕತೆ ನಿಲ್ಲಿಸಿದರು.

ಶಿಷ್ಯನಿಗೆ ಸಮಾಧಾನವಾಯಿತು. "ವ್ಯಾಪಾರಿ ವಾದಿಸಿದ್ದು ಸರಿ, ಬುದ್ಧಿ. ಪರೀಕ್ಷೆ ಮಾಡಿದ ರೀತಿಯೇ ತಪ್ಪಾಗಿತ್ತಲ್ಲ" ಎಂದ.

"ಮಧ್ಯಾಹ್ನ ನಿನ್ನ ಸೌಟು ಹಂಡೆಯ ತಳ ಮುಟ್ಟಿತ್ತೇ?" ಎಂದರು ಗುರುಗಳು.

ಶಿಷ್ಯ ಎದ್ದು ಅಂಗಳಕ್ಕೆ ಹೋಗಿ ಕಲ್ಲಯ್ಯನ ಗಂಟನ್ನು ತಾನೇ ಎತ್ತಿಕೊಂಡು ಅಡುಗೆಮನೆಯ ಕಡೆ ನಡೆದ.