ಚೆಕ್ಕುಬಂದಿಯಲ್ಲಿದ್ದ ಕೋಳಿ ಫಾರಂ

ಪುಟ್ಟತಾಯಮ್ಮನ ಕೋಳಿ ಫಾರಂ ಪಕ್ಕದಲ್ಲಿ ನಿವೃತ್ತ ಇಂಜಿನಿಯರ್ ಶ್ರೀಕಂಠಯ್ಯ ಮನೆ ಕಟ್ಟಿಸಿದರು. ವರ್ಷ ತುಂಬುವುದರೊಳಗೆ ನಾತ ತಡೆಯಲಾಗುತ್ತಿಲ್ಲವೆಂದು ಉಪವಿಭಾಗಾಧಿಕಾರಿಗಳ ಎ.ಸಿ. ಕೋರ್ಟಿಗೆ ದೂರು ಕೊಟ್ಟರು.

ವಿಚಾರಣೆಯ ದಿನ ಎದ್ದು ನಿಂತು, "ನಾನು ಸೈಟು ಕೊಂಡಾಗ ಅಲ್ಲಿ ಫಾರಂ ಇರಲೇ ಇಲ್ಲ. ಈಯಮ್ಮನ ಲೈಸೆನ್ಸ್ ರದ್ದು ಮಾಡಿ" ಎಂದು ಗುಡುಗಿದರು.

ಪುಟ್ಟತಾಯಮ್ಮನಿಗೆ ವಕೀಲರಿರಲಿಲ್ಲ. ಅವಳೇ ಕೈ ಮುಗಿದು ಕೇಳಿದಳು. "ಸ್ವಾಮಿ, ನಂಗೆ ಓದಕ್ಕೆ ಬರಲ್ಲ. ಸೈಟಿನ ನಾಲ್ಕು ದಿಕ್ಕಿಗೆ ಏನೇನಿದೆ ಅಂತ ನಿಮ್ಮ ಕ್ರಯಪತ್ರದಲ್ಲಿ ಚೆಕ್ಕುಬಂದಿ ಬರೆದಿರ್ತಾರಲ್ಲ, ಅದನ್ನ ಒಂಚೂರು ಓದಿ."

ಇದೇನು ಮಹಾ ಎಂದು ಶ್ರೀಕಂಠಯ್ಯ ಗಟ್ಟಿಯಾಗಿ ಓದತೊಡಗಿದರು. "ಪಶ್ಚಿಮಕ್ಕೆ ರಸ್ತೆ. ಪೂರ್ವಕ್ಕೆ ಪುಟ್ಟತಾಯಮ್ಮನ ಕೋಳಿ..." ದನಿ ಅಲ್ಲೇ ನಿಂತಿತು.

ಎ.ಸಿ. ಸಾಹೇಬರು ನಗು ತಡೆದುಕೊಂಡು, "ಪೂರ್ತಿ ಓದಿ" ಎಂದರು. ಶ್ರೀಕಂಠಯ್ಯ ಕನ್ನಡಕ ಒರೆಸುತ್ತ ಕೂತುಬಿಟ್ಟರು. ದೂರು ವಜಾ ಆಯಿತು.

ಹೊರಗೆ ಬೆಂಚಿನ ಮೇಲೆ ಅವರ ಹೆಂಡತಿ ವನಜಾಕ್ಷಮ್ಮ ಬಾಯಿಗೆ ಸೆರಗೊತ್ತಿಕೊಂಡು ಕೆಮ್ಮುತ್ತಿದ್ದರು. "ಗೆದ್ದೆಯಂತಲ್ಲ, ಇರಲಿ ಬಿಡು. ನನಗೆ ಮಾತ್ರ ಅಲ್ಲಿ ಉಸಿರಾಡೋಕೇ ಆಗಲ್ಲ ಕಣಮ್ಮ" ಎಂದರು.

ಮಾರನೆಯ ವಾರ ಪುಟ್ಟತಾಯಮ್ಮ ಅವರ ಗೋಡೆಯ ಪಕ್ಕದಲ್ಲೇ ಇದ್ದ ಕೋಳಿಗೊಬ್ಬರದ ಗುಂಡಿ ಮುಚ್ಚಿಸಿ, ದೂರದ ಹೊಲದಂಚಿನಲ್ಲಿ ಹೊಸದು ತೋಡಿಸಿದಳು. ಅದನ್ನು ಹೇಳಲೆಂದು ಹೋದರೆ, ಗಂಡ ಹೆಂಡತಿ ಮನೆ ಖಾಲಿ ಮಾಡಿಕೊಂಡು ಹೋಗಿದ್ದರು.

"ಇಷ್ಟನ್ನ ಆಯಮ್ಮ ಹೇಳೋ ಮುಂಚೆಯೇ ಮಾಡಬೇಕಿತ್ತು" ಎಂದುಕೊಂಡು ಪುಟ್ಟತಾಯಮ್ಮ ಗೇಟಿನಿಂದಲೇ ಹಿಂತಿರುಗಿದಳು.