ಗಿಡ್ಡಪ್ಪ ಬಂಟನನ್ನು ಒಲಿಸಿದ್ದು

ಕೂತ್ಕೊಳ್ರಪ್ಪ, ಎಲೆ ಅಡಿಕೆ ಆಮೇಲೆ ಹಾಕ್ಕೊಳ್ಳಿ. ನಗು ಬಂದರೆ ನಗಿ, ಆದರೆ ಈ ಕಥೆಯ ತಾಯಿಯ ಕಡೆಗೂ ಒಂದು ಕಣ್ಣಿರಲಿ.

ಗುಂಡಿನಹಟ್ಟಿ ಅಂತ ಒಂದೂರು. ಆ ಊರಲ್ಲಿ ದ್ಯಾವಮ್ಮ ಅಂತ ಒಬ್ಬಳು ತಾಯಿ. ಗಂಡ ಇಲ್ಲ. ಇರುವವನು ಒಬ್ಬನೇ ಮಗ. ಹೆಸರು ಗಿಡ್ಡಪ್ಪ, ಆಳು ಮಾತ್ರ ಬಾಗಿಲ ಪಟ್ಟಿಗೆ ಹಣೆ ತಾಕುವಷ್ಟು ಉದ್ದ. ಮೀಸೆ ಬಂದಿತ್ತು, ಬುದ್ಧಿ ಇನ್ನೂ ದಾರಿಯಲ್ಲಿತ್ತು. "ಹಾಲು ಉಕ್ಕಿದ್ರೆ ಕೂಗು ಕಣ್ಲಾ" ಅಂತ ತಾಯಿ ಅಂದರೆ, ಉಕ್ಕಿ, ಸುರಿದು, ಒಲೆಯೇ ಆರಿದ ಮೇಲೆ "ಹೋ!" ಅಂತ ಕೂಗುವವನು. "ಯಾಕ್ಲಾ ಮೊದಲೇ ಇಳಿಸಲಿಲ್ಲ?" ಅಂದರೆ, "ಕೂಗು ಅಂದೆ, ಕೂಗ್ದೆ. ಇಳ್ಸು ಅಂದ್ಯಾ?" ಅನ್ನುವವನು. ಹೇಳಿದ್ದನ್ನು ಮಾಡಬಾರದು ಅಂತ ಒಂದು ದಿನವೂ ಅಂದುಕೊಂಡವನಲ್ಲ. ಅದೇ ಕಷ್ಟ! ಹೇಳಿದ್ದನ್ನಷ್ಟೇ ಮಾಡುತ್ತಿದ್ದ.

ದ್ಯಾವಮ್ಮನಿಗೆ ಒಬ್ಬ ತಮ್ಮ ಇದ್ದ, ಬೀರಣ್ಣ. ಮೂರು ಹರದಾರಿ ದೂರದ ಮರಡಿಹಟ್ಟಿಯಲ್ಲಿ ಕುರಿ ಕಾಯುತ್ತಿದ್ದ. ಹೆಂಡತಿ ಮಕ್ಕಳಿಲ್ಲ, ಜೊತೆಗಿದ್ದದ್ದು ಒಂದು ನಾಯಿ, ಬಂಟ. ಆ ವರ್ಷ ಬೀರಣ್ಣ ಜ್ವರದಲ್ಲಿ ಮಲಗಿದವನು ಏಳಲಿಲ್ಲ. ಕಣ್ಣು ಮುಚ್ಚುವ ಮೊದಲು ಅಕ್ಕನ ಕೈ ಹಿಡಿದು, "ಅಕ್ಕಾ, ಬಂಟನ್ನ ಬೀದಿಪಾಲು ಮಾಡ್ಬ್ಯಾಡ ಕಣೆ" ಅಂದ. ಅಷ್ಟೇ ಅಂದದ್ದು.

ಹನ್ನೊಂದನೆಯ ದಿನದ ಕಾರ್ಯ ಮುಗಿಸಿ ದ್ಯಾವಮ್ಮ ತಮ್ಮನ ಕಂಬಳಿಯನ್ನೂ ನಾಯಿಯನ್ನೂ ಮನೆಗೆ ತಂದಳು. ಕಂಬಳಿ ಮಡಿಸಿ ಪೆಟ್ಟಿಗೆಯಲ್ಲಿಟ್ಟಳು. ನಾಯಿಯನ್ನು ಎಲ್ಲಿಡುವುದು? ಅದೇನು ಮರಿಯೇ, ಮಡಿಲಲ್ಲಿ ಹಾಕಿಕೊಳ್ಳಲು? ಏಳು ವರ್ಷದ ಗಂಡುನಾಯಿ. ಬಂದದ್ದೇ ಹಿತ್ತಿಲ ಸೌದೆ ಒಟ್ಟಿಲ ಹಿಂದೆ ನುಗ್ಗಿ ಕೂತಿತು. ಹತ್ತಿರ ಹೋದರೆ ಗುರ್‍! ಅನ್ನ ಇಟ್ಟರೆ ಮೂಸುವುದಿಲ್ಲ. ಹಿತ್ತಿಲ ಕಡೆ ಬಂದ ಊರ ಗೌಡರು ಕೆಂಪಣ್ಣನವರ ಪಂಚೆಯನ್ನು ಹಿಡಿದು ಪರ್‍ ಅಂತ ಎರಡು ತುಂಡು ಮಾಡಿತು.

ಗೌಡರು ಉಳಿದ ತುಂಡನ್ನು ಕೈಯಲ್ಲಿ ಹಿಡಿದುಕೊಂಡು ಕೂಗಿದರು: "ದ್ಯಾವಮ್ಮ, ಬಲಿತ ಬಿದಿರು ಬಗ್ಗಲ್ಲ! ಅಮಾವಾಸ್ಯೆ ತನಕ ಟೈಮು. ಅಷ್ಟರಲ್ಲಿ ಇದು ಮನುಷ್ಯರ ಜೊತೆ ಮನುಷ್ಯನ ಹಂಗೆ ಇರೋದು ಕಲೀಲಿಲ್ಲ ಅಂದ್ರೆ, ಆಳು ಬಿಟ್ಟು ಕಾಡಿಗೆ ಅಟ್ಟಿಸ್ತೀನಿ!"

ದ್ಯಾವಮ್ಮ ಏನು ಮಾಡಬೇಕು? ಅವಳೋ ದಿನಾ ಕಳೆ ಕೀಳಲು ಹೋಗಬೇಕು. ಮನೆಯಲ್ಲಿರುವವನು ಮಗ. ಬೇರೆ ದಾರಿ ಇಲ್ಲ. ಕರೆದು ಹೇಳಿದಳು:

"ಲೋ ಗಿಡ್ಡ, ನಾಯಿ ಹೆದರಿಕೊಂಡೈತೆ. ಮೈಮೇಲೆ ಬೀಳ್ಬ್ಯಾಡ. ದೂರ ಕೂತ್ಕೊ. ಅದೇ ತಾನಾಗಿ ನಿನ್ನ ಹತ್ರ ಬರೋಗಂಟ ಕಾಯ್ಬೇಕು."

"ಆಗ್ಲವ್ವ. ದೂರ ಕೂತ್ಕೋತೀನಿ."

ಸಂಜೆ ಬಂದಳು. ನಾಯಿ ಒಟ್ಟಿಲ ಹಿಂದೆಯೇ ಇತ್ತು. ಮಗ ಎಲ್ಲಿ? ಹಿತ್ತಿಲಲ್ಲಿಲ್ಲ, ಜಗಲಿಯಲ್ಲಿಲ್ಲ. ಹುಡುಕಿ ಹುಡುಕಿ ನೋಡಿದರೆ, ಊರಾಚೆ ಗುಡ್ಡದ ನೆತ್ತಿ ಮೇಲೆ ಒಂದು ಕಡ್ಡಿಯ ಹಾಗೆ ಕಾಣುತ್ತಿದ್ದ!

"ಅಲ್ಲೇನ್ ಮಾಡ್ತಿದ್ಯೋ!"

"ದೂರ ಕೂತಿದೀನವ್ವಾ! ಇನ್ನೂ ಬರ್ಲಿಲ್ಲ ಅದು!"

ಹಣೆ ಹಣೆ ಚಚ್ಚಿಕೊಂಡಳು. "ಅಯ್ಯೋ ನನ್ನ ಪೆದ್ದೇ! ದೂರ ಅಂದ್ರೆ ನಾಕು ಮಾರು ಕಣ್ಲಾ! ನಾಕು ಮಾರು ದೂರದಲ್ಲಿ ಕುಕ್ಕರುಗಾಲಲ್ಲಿ ಕೂತ್ಕೊ. ಮುಖ ನೋಡ್ಬ್ಯಾಡ. ಮಾತಾಡ್ಬ್ಯಾಡ. ಕೈಯಲ್ಲಿ ಒಂದು ತುತ್ತು ಮುದ್ದೆ ಚಾಚಿಕೊಂಡು ಸುಮ್ಗಿರು. ಹೊಸದಾಗಿ ಬಂದ ಜೀವದ ಹತ್ರ ಹಂಗೇ ಇರ್ಬೇಕು."

"ಮೊದಲೇ ಹೇಳ್ಬಾರ್ದಾ? ಹೊಸದಾಗಿ ಬಂದ ಜೀವ. ನಾಕು ಮಾರು. ಒಂದು ತುತ್ತು. ಹಂಗೇ ಇರ್ತೀನಿ."

ಮಾರನೆಯ ದಿನ ಅವಳು ಕಳೆಗೆ ಹೋದಳು. ಮಗ ಮುದ್ದೆ ಮುರಿದು ಕೈಯಲ್ಲಿ ಹಿಡಿದು ಹಿತ್ತಿಲ ಕಡೆ ಹೊರಟಿದ್ದ. ಅಷ್ಟರಲ್ಲಿ ಬಾಗಿಲಿಗೆ ಯಾರು ಬಂದರು? ಗಿಡ್ಡಪ್ಪನ ಅಪ್ಪನ ಅಣ್ಣ, ದೊಡ್ಡಪ್ಪ ಪಾತಲಿಂಗಪ್ಪ! ಹತ್ತು ವರ್ಷದಿಂದ ಈ ಕಡೆ ತಲೆ ಹಾಕದವರು, ಸಾವಿನ ಸುದ್ದಿ ಕೇಳಿ ಮಾತಾಡಿಸಿಕೊಂಡು ಹೋಗಲು ಬಿಸಿಲಲ್ಲಿ ನಡೆದು ಬಂದಿದ್ದರು.

ಗಿಡ್ಡಪ್ಪ ನೋಡಿದ. ಹೊಸದಾಗಿ ಬಂದ ಜೀವ! ಥಟ್ಟನೆ ಮುಖ ತಿರುಗಿಸಿದ. ನಾಲ್ಕು ಮಾರು ಅಳೆದ. ಕುಕ್ಕರುಗಾಲಲ್ಲಿ ಕೂತ. ಕೈ ಚಾಚಿ ಮುದ್ದೆ ಹಿಡಿದ.

"ಏನಪ್ಪಾ, ನೀನು ಗಿಡ್ಡ ಅಲ್ವಾ?"

ಮಾತಿಲ್ಲ.

"ನಿಮ್ಮವ್ವ ಎಲ್ಲಿ?"

ಮಾತಿಲ್ಲ. ಕಣ್ಣು ಗೋಡೆ ಕಡೆ, ಕೈ ಅವರ ಕಡೆ.

ಏನಾಗಿದೆ ಇವನಿಗೆ ಅಂತ ದೊಡ್ಡಪ್ಪ ಒಂದು ಹೆಜ್ಜೆ ಮುಂದೆ ಬಂದರು. ಗಿಡ್ಡಪ್ಪನಿಗೆ ಖುಷಿ ತಡೆಯಲಾಗಲಿಲ್ಲ. ತನ್ನಷ್ಟಕ್ಕೇ ಪಿಸುಗುಟ್ಟಿದ: "ಬಂತು ಬಂತು! ಇನ್ನೊಂದೆರಡು ಹೆಜ್ಜೆ ಬಂದ್ರೆ ಪಳಗ್ತು!"

ದೊಡ್ಡಪ್ಪನ ಮುಖ ಕೆಂಡವಾಯಿತು. "ನನ್ನ ಏನಂತ ತಿಳ್ಕೊಂಡ್ಯೋ?" ಅಂದವರೇ ಕೊಡೆ ಝಾಡಿಸಿ, ನೀರೂ ಕುಡಿಯದೆ ವಾಪಸು ಹೊರಟೇಬಿಟ್ಟರು.

ದಾರಿಯಲ್ಲೇ ದ್ಯಾವಮ್ಮ ಸಿಕ್ಕಳು. ಬೈಸಿಕೊಂಡಳು. ಕಾಲಿಗೆ ಬಿದ್ದಳು. ಮನೆಗೆ ಬಂದು ಮಗನ ಮುಂದೆ ನಿಂತು ಅತ್ತೇಬಿಟ್ಟಳು.

"ನಿನ್ನ ಹೆತ್ತ ಹೊಟ್ಟೆಗೆ ಎಷ್ಟು ಬೆಂಕಿ ಇಡ್ತೀಯೋ! ಮನೆಗೆ ಬಂದೋರಿಗೆ ಮುದ್ದೆ ತುಂಡು ತೋರಿಸ್ತಾರಾ? ಕಾಲಿಗೆ ಒಂದು ಚೆಂಬು ನೀರು ಕೊಡ್ಬೇಕು. ಕೂರೋಕೆ ಕಂಬಳಿ ಹಾಸ್ಬೇಕು. 'ಬನ್ನಿ, ಊರ ಕಡೆ ಎಲ್ಲಾ ಚೆನ್ನಾಗವ್ರಾ?' ಅಂತ ಕೇಳ್ಬೇಕು. ಎಲೆ ಹಾಕಿ, ತುಪ್ಪ ಬಿಟ್ಟು, 'ಇನ್ನೊಂದು ತುತ್ತು ಉಣ್ಣಿ' ಅಂತ ಉಪಚಾರ ಮಾಡ್ಬೇಕು!"

"ಅಳ್ಬ್ಯಾಡ ಕಣವ್ವ. ನಾಳಿಂದ ಹಂಗೇ ಮಾಡ್ತೀನಿ."

ಅವಳು ಅಳುವುದನ್ನು ಕಂಡರೆ ಅವನಿಗೂ ಅಳು. ಇಬ್ಬರೂ ಅತ್ತು, ಇಬ್ಬರೂ ಉಂಡು ಮಲಗಿದರು.

ಮಾರನೆಯ ದಿನ ದ್ಯಾವಮ್ಮನಿಗೆ ಕೈಯಲ್ಲಿ ಕೆಲಸ ಓಡಲಿಲ್ಲ. ಇವತ್ತು ಏನು ಕಾದಿದೆಯೋ ಅಂತ ಮಧ್ಯಾಹ್ನಕ್ಕೇ ಮನೆಗೆ ಬಂದಳು. ಬಂದರೆ ಪೆಟ್ಟಿಗೆ ಬಾಯಿ ತೆರೆದಿದೆ! ತುಪ್ಪದ ಕುಡಿಕೆ ಬರಿದಾಗಿದೆ! ಹಿತ್ತಿಲಿಂದ ಮಗನ ದನಿ ಕೇಳುತ್ತಿದೆ:

"ಬನ್ನಿ. ಊರ ಕಡೆ ಎಲ್ಲಾ ಚೆನ್ನಾಗವ್ರಾ? ಕುರಿ ಎಲ್ಲಾ ಚೆನ್ನಾಗವಾ? ನಮ್ಮ ಮಾವ ಹೋಗ್ಬಿಟ್ರಂತೆ. ನಿಮಗೂ ಬೇಜಾರಾಗಿರ್ಬೇಕು. ನಮ್ಮವ್ವನಿಗೂ ಬೇಜಾರು. ಇನ್ನೊಂದು ತುತ್ತು ಉಣ್ಣಿ."

ದ್ಯಾವಮ್ಮ ಸೌಟು ಎತ್ತಿಕೊಂಡು ಹಿತ್ತಿಲಿಗೆ ಓಡಿದಳು. ಓಡಿದವಳು ಹಾಗೇ ನಿಂತಳು.

ಸೌದೆ ಒಟ್ಟಿಲ ಮುಂದೆ ಬೀರಣ್ಣನ ಕಂಬಳಿ ಹಾಸಿತ್ತು. ಕಂಬಳಿಯ ಮೇಲೆ ಬಂಟ ಮಲಗಿತ್ತು. ಅದರ ಒಂದು ಮೂಲೆಗೆ ಮೂತಿ ಒತ್ತಿಕೊಂಡು, ಮಗು ಬಿಕ್ಕುವ ಹಾಗೆ ಕುಂಯ್ ಕುಂಯ್ ಅನ್ನುತ್ತಿತ್ತು. ಮುಂದೆ ಎಲೆ. ಎಲೆಯಲ್ಲಿ ಒಂದು ಅಗುಳೂ ಇಲ್ಲ. ಪಕ್ಕದಲ್ಲಿ ಚೆಂಬು, ಚೆಂಬಿನ ನೀರೂ ಖಾಲಿ.

ಸೌಟು ಹಿಡಿದ ಕೈ ತಾನೇ ಕೆಳಗಿಳಿಯಿತು. ತಮ್ಮನ ಬೆವರು, ಕುರಿಯ ವಾಸನೆ, ಬೀಡಿಯ ಘಾಟು ಎಲ್ಲ ಆ ಕಂಬಳಿಯಲ್ಲೇ ಇತ್ತಲ್ಲ! ತಾನು ಅದನ್ನು ಪೆಟ್ಟಿಗೆಯಲ್ಲಿ ಮುಚ್ಚಿಟ್ಟಿದ್ದೆನಲ್ಲ!

ಆದರೂ ತಾಯಿ, ಬೈಯದೆ ಇರುವುದುಂಟೇ? "ಪೂರ್ತಿ ತುಪ್ಪ ಸುರಿದ್ಯಲ್ಲೋ! ಅದು ನೆಂಟ ಅಲ್ಲ ಕಣ್ಲಾ, ಇನ್ಮೇಲೆ ಮನೇದು. ಈಗ ಬೀದಿಗೂ ಅದಕ್ಕೂ ರೂಢಿ ಆಗ್ಬೇಕು. ನಾಳೆ ಹಗ್ಗ ಹಿಡ್ಕೊಂಡು ಬೀದಿ ಸುತ್ತಿಕೊಂಡು ಬಾ. ಒಂದೊಂದು ಮನೆ ಮುಂದೂ ಒಂದು ಗಳಿಗೆ ನಿಲ್ಲು. ಜನ ನೋಡ್ಲಿ."

ಗಿಡ್ಡಪ್ಪ ಹೋದ. ಹಗ್ಗ ಹಿಡಿದ. ಒಂದೊಂದು ಮನೆ ಮುಂದೂ ನಿಂತ. ಜನ ನೋಡಿದರು.

"ಏನ್ಲಾ ಗಿಡ್ಡ, ಹಗ್ಗ ಹಿಡ್ಕೊಂಡು ನಿಂತಿದೀಯ?"

"ರೂಢಿ ಮಾಡಿಸ್ತಿದೀನಿ."

"ಯಾವುದಕ್ಕೆ, ಹಗ್ಗಕ್ಕಾ?"

ಊರೇ ಹೊಟ್ಟೆ ಹಿಡಿದುಕೊಂಡು ನಕ್ಕಿತು. ನಾಯಿ ಮನೆಯಲ್ಲೇ ಕಂಬಳಿ ಮೇಲೆ ಮಲಗಿತ್ತು!

ಸಂಜೆ ದ್ಯಾವಮ್ಮನಿಗೆ ಸುದ್ದಿ ಮುಟ್ಟಿತು. "ಅಯ್ಯೋ ನನ್ನ ಕರ್ಮವೇ! ಹಗ್ಗದ ಆ ಕಡೆ ತುದೀಲಿ ನಾಯಿ ಇರ್ಬೇಕು, ಈ ಕಡೆ ತುದೀಲಿ ನೀನಿರ್ಬೇಕು! ಎಳೀಬ್ಯಾಡ, ಬಿಗೀಬ್ಯಾಡ. ಹಗ್ಗ ಸಡಿಲಾಗೇ ಇರ್ಲಿ. ಅದು ಹೋದ ಕಡೆ ನೀನೂ ಹೋಗು. ಅದು ನಿಂತ್ರೆ ನಿಲ್ಲು. ಅದಕ್ಕೆ ಸಾಕು ಅನ್ನಿಸಿದಾಗ ಬಾ. ಗೊತ್ತಾಯ್ತಾ?"

"ಆ ಕಡೆ ನಾಯಿ, ಈ ಕಡೆ ನಾನು. ಗೊತ್ತಾಯ್ತು."

ಬೆಳಗಾಯಿತು. ಬಂಟ ಹೊರಟಿತು, ಗಿಡ್ಡಪ್ಪ ಹೊರಟ. ಬಂಟ ಬೇಲಿಯ ಕಂಡಿಯಲ್ಲಿ ನುಸುಳಿತು, ಇವನೂ ನುಸುಳಿದ, ಅಂಗಿ ಮುಳ್ಳಿಗೆ ಹೋಯಿತು. ಬಂಟ ಕಟ್ಟೆಯ ನೀರಿಗೆ ಇಳಿಯಿತು, ಇವನೂ ಇಳಿದ, ಚಡ್ಡಿ ಕೆಸರಾಯಿತು. ಬಂಟ ಒಂದು ಕಲ್ಲು ಮೂಸಿತು, ಇವನೂ ಬಗ್ಗಿ ಮೂಸಿದ. ಬಂಟ ಕಾಲೆತ್ತಿತು... ಅದು ಬೇಡ ಬಿಡಿ.

ದ್ಯಾವಮ್ಮ ಸಂಜೆ ಬಂದರೆ ಮನೆ ಬಣಬಣ. ನಾಯಿ ಇಲ್ಲ, ಮಗ ಇಲ್ಲ. ಊರೆಲ್ಲ ಕೇಳಿದಳು. ಬಾವಿ ಬಗ್ಗಿ ನೋಡಿದಳು. ಮಗ ಎಂಥ ಪೆದ್ದನಾದರೂ ಮನೆಯಲ್ಲಿಲ್ಲದ ಮೇಲೆ ಮನೆ ಎಂಥದು! "ಬುದ್ಧಿ ಇಲ್ಲದ ಮಗನ ಕೈಗೆ ನಾನೇ ಹಗ್ಗ ಕೊಟ್ಟೆನಲ್ಲಾ" ಅಂತ ಬಾಗಿಲಲ್ಲೇ ಕೂತಳು. ಒಲೆ ಹಚ್ಚಲಿಲ್ಲ.

ಮಾರನೆಯ ದಿನ ಬಿಸಿಲೇರಿದ ಮೇಲೆ ಇಬ್ಬರೂ ಬಂದರು. ಹಗ್ಗ ನೆಲ ಸವರುವಷ್ಟು ಸಡಿಲ. ಮಗನ ಮೈಯೆಲ್ಲ ಗೀರು.

"ಎಲ್ಲಿಗ್ ಹೋಗಿದ್ಯೋ!"

"ಅದು ಹೋದ ಕಡೆ."

"ಅದು ಎಲ್ಲಿಗ್ ಹೋಗಿತ್ತೋ!"

"ಮರಡಿಹಟ್ಟಿಗೆ. ಮಾವನ್ನ ಮಣ್ಣು ಮಾಡಿದ್ರಲ್ಲ, ಅಲ್ಲಿಗೆ. ಅದು ಮಲಗ್ತು. ನಿಂತ್ರೆ ನಿಲ್ಲು ಅಂದೆ, ಮಲಗಿದ್ರೆ ಏನು ಅಂತ ಹೇಳಿರ್ಲಿಲ್ಲ. ಅದಕ್ಕೇ ನಾನೂ ಮಲಗಿದೆ. ಹಟ್ಟಿಯೋರು ಇಬ್ಬರಿಗೂ ರೊಟ್ಟಿ ಕೊಟ್ರು. ಬೆಳಿಗ್ಗೆ ಎದ್ದು ನನ್ನ ಮುಖ ನೋಡ್ತು. ಸಾಕಾ ಅಂದೆ. ಹೊರಟ್ತು. ಬಂದ್ವಿ."

ದ್ಯಾವಮ್ಮ ಮಗನ ಮೈಮೇಲಿನ ಗೀರುಗಳನ್ನು ಸೆರಗಿನಿಂದ ಒರೆಸಿದಳು. ಹನ್ನೊಂದನೆಯ ದಿನದಿಂದ ಈಚೆಗೆ ತಾನೇ ಅಲ್ಲಿಗೆ ಹೋಗಿರಲಿಲ್ಲ. ಕಳೆ ಇತ್ತು, ಕೂಲಿ ಇತ್ತು, ಹೋಗಲಿಲ್ಲ. ಈ ಪೆದ್ದ ಹೋಗಿ ಒಂದು ರಾತ್ರಿ ಮಲಗಿ ಬಂದ. ಅವಳು ಮೆಟ್ಟಿಲ ಮೇಲೆ ಕೂತಳು. ಆಗ ಬಂಟ, ಇಷ್ಟು ದಿನ ಗುರ್‍ ಅನ್ನುತ್ತಿದ್ದ ಬಂಟ, ನಿಧಾನಕ್ಕೆ ಬಂದು ಅವಳ ಪಾದದ ಮೇಲೆ ಗದ್ದ ಇಟ್ಟು ಮಲಗಿತು. ಅವಳು ಅಲುಗಾಡಲಿಲ್ಲ. ಕಾಲು ಜೋಮು ಹಿಡಿದರೂ ಅಲುಗಾಡಲಿಲ್ಲ.

ಆ ಮೇಲೆ ಬಂಟ ಬೇರೆಯೇ ಆಯಿತು. ಗಿಡ್ಡಪ್ಪ ಕೂತರೆ ಕೂತಿತು, ನಡೆದರೆ ನಡೆಯಿತು. ನೆರೆಮನೆಯ ಹೆಂಗಸು ಬಂದರೆ ಮೊದಲು ಗಿಡ್ಡಪ್ಪನ ಮುಖ ನೋಡುತ್ತಿತ್ತು. ಅವನು ನಕ್ಕರೆ ಬಾಲ ಅಲ್ಲಾಡಿಸುತ್ತಿತ್ತು. ಅವನೋ ಎಲ್ಲರನ್ನೂ ಕಂಡು ನಗುವವನು! ಹಾಗಾಗಿ ಅದಕ್ಕೂ ಎಲ್ಲರೂ ಬೇಕಾದವರಾದರು.

ಅಮಾವಾಸ್ಯೆಯ ಬೆಳಿಗ್ಗೆ ದ್ಯಾವಮ್ಮ ಮಗನ ಜೇಬಿಗೆ ಕೊಬ್ಬರಿ ಚೂರು ತುಂಬಿ ಹೇಳಿದಳು: "ಇವತ್ತು ಗೌಡರ ಮುಂದೆ ನಿಲ್ಬೇಕು. ಒಳ್ಳೇದಾಗಿ ನಡ್ಕೊಂಡ್ರೆ ಆ ಗಳಿಗೇಲೇ ತಲೆ ಸವರು, ಕಿವಿ ಹಿಂದೆ ತುರಿಸು, 'ಭೇಷ್ ನನ್ನ ಮಗನೇ' ಅನ್ನು, ಬಾಯಿಗೆ ಒಂದು ಚೂರು ಕೊಬ್ಬರಿ ಇಡು. ತಡ ಮಾಡ್ಬ್ಯಾಡ, ತಡ ಮಾಡಿದ್ರೆ ಯಾಕೆ ಕೊಟ್ಟೆ ಅಂತ ತಿಳಿಯಲ್ಲ."

"ಒಳ್ಳೇದು ಮಾಡಿದ ತಕ್ಷಣ. ಸವರು, ತುರಿಸು, ಭೇಷ್, ಕೊಬ್ಬರಿ."

"ಹೂಂ. ನನ್ನಪ್ಪ. ಇವತ್ತೊಂದು ದಿನ ಸರಿಯಾಗಿ ಮಾಡು."

ಗೌಡರ ಜಗಲಿ ಮುಂದೆ ಊರೇ ಸೇರಿತ್ತು. ಗೌಡರು ಹೊಸ ಪಂಚೆ, ದೊಡ್ಡ ರುಮಾಲು, ಕೈಯಲ್ಲಿ ಕೋಲು ಹಿಡಿದು ಕೂತಿದ್ದರು. ಎದ್ದು ಬಂಟನ ಸುತ್ತ ಒಂದು ಸುತ್ತು ಹಾಕಿದರು. ಬಂಟ ಪಂಚೆ ನೋಡಿತು. ಗಿಡ್ಡಪ್ಪನನ್ನು ನೋಡಿತು. ಗಿಡ್ಡಪ್ಪ ನಕ್ಕ. ಬಂಟ ಬಾಲ ಅಲ್ಲಾಡಿಸಿತು. ಗೌಡರು ಕೋಲನ್ನು ನೆಲಕ್ಕೆ ಕುಟ್ಟಿದರು. ಬಂಟ ಕೂತು ಆಕಳಿಸಿತು.

ಗೌಡರು ಮತ್ತೆ ಜಗಲಿ ಮೇಲೆ ಕೂತು ಬಹಳ ಹೊತ್ತು ಮೀಸೆ ತಿರುವಿದರು. ಕೊನೆಗೆ ಅಂದರು: "ಬಲಿತ ಬಿದಿರು ಬಗ್ಗಲ್ಲ ಅಂದಿದ್ದೆ. ನನ್ನದೇ ತಪ್ಪು. ಬೀರಣ್ಣನ ನಾಯಿ ಇನ್ಮೇಲೆ ಈ ಊರದ್ದೇ. ಯಾರೂ ಅದನ್ನ ಮುಟ್ಟಕೂಡದು. ಇರ್ಲಿ ಬಿಡ್ರಪ್ಪ!"

ದ್ಯಾವಮ್ಮ ಕೈ ಮುಗಿದಳು. ಕಣ್ಣು ಒರೆಸಿಕೊಂಡಳು. ಕಣ್ಣು ಬಿಟ್ಟು ನೋಡುವಷ್ಟರಲ್ಲಿ ಮಗ ಜಗಲಿ ಹತ್ತಿದ್ದ!

ಒಳ್ಳೆಯದು ಮಾಡಿದ ತಕ್ಷಣ, ತಡ ಮಾಡದೆ, ಗೌಡರ ರುಮಾಲು ಎತ್ತಿ ಪಕ್ಕಕ್ಕಿಟ್ಟ. ಬೋಳುತಲೆ ಸವರಿದ. ಬಲಗಿವಿಯ ಹಿಂದೆ ಪರಪರ ತುರಿಸಿದ. "ಭೇಷ್ ನನ್ನ ಮಗನೇ!" ಅಂದ. ಬಾಯಿಗೆ ಕೊಬ್ಬರಿ ಇಟ್ಟ.

ದ್ಯಾವಮ್ಮ ಸೆರಗಲ್ಲಿ ಮುಖ ಮುಚ್ಚಿಕೊಂಡು, ಭೂಮಿ ಬಾಯಿ ಬಿಡಲಿ ಅಂತ ಕಾಯುತ್ತ ನಿಂತಳು.

ಗೌಡರು ಕೊಬ್ಬರಿ ಅಗಿದರು. ನುಂಗಿದರು. ಊರನ್ನೊಮ್ಮೆ ಕೆಕ್ಕರಿಸಿ ನೋಡಿದರು. ಆಮೇಲೆ ಗಿಡ್ಡಪ್ಪನ ಕಡೆ ತಿರುಗಿ ಗದರಿದರು:

"ಮಾಡೋ ಕೆಲಸ ಅರ್ಧಕ್ಕೆ ಬಿಡ್ತೀಯಲ್ಲೋ! ಎಡಗಿವಿ ಯಾರು ತುರಿಸ್ತಾರೆ, ನಿಮ್ಮಪ್ಪನಾ?"