ಸಣ್ಣವ್ವನ ರಬ್ಬರ್ ಉಂಡೆ

ಒಂದಾನೊಂದು ಕಾಲದಲ್ಲಿ, ಗಾಡಿಗೆಲ್ಲ ಮರದ ಚಕ್ರವೇ ಇದ್ದು, ಕೂತವರ ಹಲ್ಲು ಕಟಕಟ ಅಂತಿದ್ದ ಕಾಲದಲ್ಲಿ, ಏಳು ಸಮುದ್ರದ ಆಚೆ ಒಂದು ಮಳೆಕಾಡಿತ್ತಂತೆ. ಎಂಥ ಕಾಡು ಅಂದ್ರೆ, ನಡುಮಧ್ಯಾಹ್ನದ ಬಿಸಿಲೂ ಎಲೆಗಳ ಅಪ್ಪಣೆ ಕೇಳಿ ನೆಲಕ್ಕಿಳಿಯಬೇಕು. ಅಲ್ಲಿ ಹೊಳೆದಂಡೆಯಲ್ಲಿ ಒಬ್ಬ ಮುದುಕ, ಅವನಿಗೆ ಮೂವರು ಮಕ್ಕಳು. ದೊಡ್ಡಣ್ಣ, ನಡುವಣ್ಣ, ಕೊನೆಯವಳು ಹುಡುಗಿ. ಅವಳ ಹೆಸರು ಅವರ ಮಾತಿನಲ್ಲಿ ಏನಿತ್ತೋ, ನನ್ನಜ್ಜಿಗೆ ನಾಲಿಗೆ ತಿರುಗದೆ ಸಣ್ಣವ್ವ ಅಂತಿದ್ದಳು, ನಾವೂ ಹಾಗೇ ಅನ್ನೋಣ.

ಆ ದಂಡೆಯ ತುಂಬ ಹಾಲು ಸುರಿಸೋ ಮರಗಳಂತೆ. ಬೆಳಿಗ್ಗೆ ತಂಪುಹೊತ್ತಿನಲ್ಲಿ ತೊಗಟೆಯನ್ನು ಓರೆಯಾಗಿ, ಈರುಳ್ಳಿ ಸಿಪ್ಪೆಯಷ್ಟು ತೆಳ್ಳಗೆ ಕೆತ್ತಿದರೆ ಕೆಳಗೆ ಕಟ್ಟಿದ ಚಿಪ್ಪಿಗೆ ಹಾಲು ತೊಟ್ಟಿಕ್ಕೋದು. ಆ ಹಾಲನ್ನು ಒಂದು ಕೋಲಿಗೆ ಸವರಿ ಹೊಗೆಯಲ್ಲಿ ತಿರುಗಿಸೋದು, ನಾಳೆ ಮತ್ತೊಂದು ಪದರ, ನಾಡಿದ್ದು ಇನ್ನೊಂದು, ಹಾಗೇ ಉಂಡೆ ಬೆಳೆಯೋದು. ಅದೇ ರಬ್ಬರ್ ಉಂಡೆ. ಮುದುಕ ಕೆತ್ತೋ ಕತ್ತಿ ಹಿಡಿದಾಗಲೆಲ್ಲ ಒಂದೇ ಮಾತು ಹೇಳ್ತಿದ್ದನಂತೆ, ಚರ್ಮ ಕೆತ್ತಬೇಕು ಮಕ್ಕಳೇ, ಎಲುಬು ಮುಟ್ಟಬಾರದು.

ಆಮೇಲೆ ಒಂದು ದಿನ ಹಡಗಿನ ಸಾಹುಕಾರನೊಬ್ಬ ಬಂದ. ಚಕ್ರಕ್ಕೆ ಸುತ್ತೋಕೆ ರಬ್ಬರ್ ಬೇಕು, ಮೂರು ಹುಣ್ಣಿಮೆಗೆ ಮೂರು ಸಲ ಬರ್ತೇನೆ ಅಂದನಂತೆ. ಮುದುಕನಿಗೆ ಕಣ್ಣು ಮಂದವಾಗಿತ್ತು. ಅವನು ಮಕ್ಕಳನ್ನು ಕರೆದು, ಈಗ ತಲೆಗೆ ಮೂವತ್ತು ಮರ ಹಂಚ್ತೇನೆ, ಮೂರನೇ ಹುಣ್ಣಿಮೆಗೆ ಸಾಹುಕಾರ ಯಾರ ಉಂಡೆ ಮೆಚ್ಚುತ್ತಾನೋ, ಈ ಕತ್ತಿಯೂ ದಂಡೆಯ ಅಷ್ಟೂ ಮರವೂ ಅವರಿಗೆ ಅಂದನಂತೆ.

ದೊಡ್ಡಣ್ಣ, ದಿನಾ ತೊಟ್ಟು ತೊಟ್ಟು ಕಾಯೋಕೆ ನಾನೇನು ಬೆಕ್ಕೇ ಅಂತ ಕೊಡಲಿ ಎತ್ತಿ ತನ್ನ ಪಾಲಿನ ಮೂವತ್ತನ್ನೂ ಉರುಳಿಸಿಬಿಟ್ಟನಂತೆ. ಹಾಲು ಕೊಡಗಟ್ಟಲೆ ಹರೀತು. ಸಣ್ಣವ್ವ ಉರುಳಿದ ಮರಗಳನ್ನು ನೋಡಿದಳು. ಇವನೇ ಗೆದ್ದರೆ ದಂಡೆಯ ಅಷ್ಟೂ ಮರಕ್ಕೆ ಕೊಡಲಿ ಬೀಳ್ತದಲ್ಲ, ದೇವರೇ! ಅವಳು ಪ್ರತಿ ಮರದ ಬುಡದಲ್ಲೂ ಕೈ ಮುಗಿದು, ತಾಯೇ, ಇವತ್ತಿನದು ಕೊಡು, ನಾಳೆಯದು ನಿನ್ನಲ್ಲೇ ಇರಲಿ ಅಂತ ಹೇಳಿಯೇ ಕತ್ತಿ ಇಡ್ತಿದ್ದಳಂತೆ.

ಮೊದಲ ಹುಣ್ಣಿಮೆಗೆ ದೊಡ್ಡಣ್ಣನದು ಹೋರಿಯ ತಲೆಯಷ್ಟು ಉಂಡೆ, ನಡುವಣ್ಣನದು ಕುಂಬಳಕಾಯಿ, ಸಣ್ಣವ್ವನದು ತೆಂಗಿನಕಾಯಿ. ಇದೇನು ತಂಗೀ, ಗುಬ್ಬಿ ಮೊಟ್ಟೆ ತಂದೆಯಾ ಅಂತ ಅಣ್ಣಂದಿರು ಬಿದ್ದು ಬಿದ್ದು ನಕ್ಕರಂತೆ. ಎರಡನೇ ಹುಣ್ಣಿಮೆಗೆ ದೊಡ್ಡಣ್ಣ ಬರಿಗೈ, ಉರುಳಿದ ಮರ ಮತ್ತೆ ಹಾಲು ಕೊಡ್ತದೆಯೇ? ನಡುವಣ್ಣನದು ಮತ್ತೆ ಕುಂಬಳಕಾಯಿ, ಎತ್ತೋಕೆ ಇಬ್ಬರು ಬೇಕು ಅಷ್ಟು ಭಾರ. ಸಣ್ಣವ್ವನದು ಅದೇ ತೆಂಗಿನಕಾಯಿ. ಗುಬ್ಬಿ ಇನ್ನೂ ಕಾವಿಗೆ ಕೂತಿದೆ ಅಂದ ನಡುವಣ್ಣ.

ಆ ಮಾತು ಸಣ್ಣವ್ವನಿಗೆ ಚುಚ್ಚಿತು. ಮಾರನೇ ಬೆಳಿಗ್ಗೆ, ಒಂದು ಹನಿ ಹೆಚ್ಚು ಬರಲಿ ಅಂತ ಕೈ ಒತ್ತಿದಳು ನೋಡು, ಕತ್ತಿ ತೊಗಟೆ ದಾಟಿ ಮರದ ಎಲುಬಿಗೇ ತಾಗಿತು! ಅವಳು ಕತ್ತಿ ಎಸೆದು, ಮರವನ್ನು ತಬ್ಬಿಕೊಂಡು ಅತ್ತಳಂತೆ. ಆಮೇಲೆ ಹೊಳೆಯ ಜೇಡಿಮಣ್ಣು ತಂದು ಗಾಯಕ್ಕೆ ಮೆತ್ತಿ, ನೀನು ವಾಸಿಯಾಗೋವರೆಗೆ ನಿನ್ನ ಹಾಲು ನನಗೆ ಬೇಡ ಅಂತ ಆಣೆ ಇಟ್ಟಳಂತೆ. ಅವತ್ತು ಮತ್ತೆ ಯಾವ ಮರ ಕೆತ್ತೋಕೂ ಅವಳಿಗೆ ಕೈ ಬರಲಿಲ್ಲ, ಅಷ್ಟರೊಳಗೆ ಸಿಕ್ಕ ಚೂರು ಹಾಲನ್ನಷ್ಟೇ ಕೋಲಿಗೆ ಸವರಿದಳಂತೆ.

ಮೂರನೇ ಹುಣ್ಣಿಮೆಗೆ ಸಾಹುಕಾರ ಮುಖ ಕೆಂಪು ಮಾಡಿಕೊಂಡು ಇಳಿದ. ನಿಮ್ಮ ರಬ್ಬರ್ ಸುತ್ತಿದ ಚಕ್ರ ನಡುದಾರಿಯಲ್ಲೇ ಒಡೀತು, ಇವತ್ತು ಕೊಯ್ದೇ ನೋಡ್ತೇನೆ ಅಂತ ದೊಡ್ಡ ಗರಗಸ ತೆಗೆದನಂತೆ. ನಡುವಣ್ಣನ ಕುಂಬಳಕಾಯಿಗೆ ಇಟ್ಟ. ಕರ್‍ರ್ ಅಂತ ಹಲ್ಲು ಮುರೀತು. ಒಳಗೆ ಹೊಳೆಯ ಗುಂಡುಕಲ್ಲು, ಸುತ್ತ ಮರಳು! ನಡುವಣ್ಣ ತಲೆ ಕೆರೆದುಕೊಂಡು, ಹೊಗೆಯಲ್ಲಿ ಕಣ್ಣು ಕಾಣಲಿಲ್ಲ ಸ್ವಾಮಿ ಅಂದನಂತೆ.

ಸಣ್ಣವ್ವನ ಉಂಡೆ ಈ ಸಲ ತೆಂಗಿನಕಾಯಿಗಿಂತಲೂ ಚಿಕ್ಕದು. ಕೊಯ್ದರೆ ಒಳಗೆ ಈರುಳ್ಳಿಯ ಹಾಗೆ ಪದರದ ಮೇಲೆ ಪದರ, ದಿನಕ್ಕೊಂದು. ಸಾಹುಕಾರ ಒಂದು ಕಡೆ ಬೆರಳಿಟ್ಟು, ಇಲ್ಲೊಂದು ಪದರ ಕೂದಲೆಳೆಯಷ್ಟೇ ಇದೆಯಲ್ಲ, ಯಾಕೆ ಅಂದ.

ಅಪ್ಪ ಅಲ್ಲೇ ಕೂತಿದ್ದ. ಸುಳ್ಳು ಹೇಳಿದರೆ ಮರ ಉಳೀತಾವೇನೋ, ನಿಜ ಹೇಳಿದರೆ ಕತ್ತಿ ಹೋಗ್ತದೇನೋ.  ಸಣ್ಣವ್ವ ತಲೆ ಎತ್ತಿ, ಅವತ್ತು ನಾನು ಎಲುಬು ಮುಟ್ಟಿದೆ ಸ್ವಾಮಿ, ಮತ್ತೆ ಕೆತ್ತೋಕೆ ಕೈ ಬರಲಿಲ್ಲ ಅಂದಳಂತೆ.

ಸಾಹುಕಾರ ಗರಗಸ ಕೆಳಗಿಟ್ಟ. ತನ್ನ ತಪ್ಪನ್ನೂ ಉಂಡೆಯೊಳಗೆ ಬಚ್ಚಿಡದವಳ ರಬ್ಬರ್ ಕಣ್ಣು ಮುಚ್ಚಿ ಕೊಳ್ತೇನೆ ಅಂದ. ಮುದುಕ ತಡವರಿಸಿ ಮಗಳ ಕೈ ಹುಡುಕಿ, ಅದರೊಳಗೆ ತನ್ನ ಕತ್ತಿ ಇಟ್ಟನಂತೆ.

ಸಣ್ಣವ್ವ ಅಣ್ಣಂದಿರನ್ನು ಓಡಿಸಲಿಲ್ಲ. ದೊಡ್ಡಣ್ಣಾ, ನೀನು ಉರುಳಿಸಿದಷ್ಟೂ ಸಸಿ ನೆಡು ಅಂದಳು. ನಡುವಣ್ಣಾ, ಹಡಗು ಹತ್ತೋ ಉಂಡೆಯನ್ನೆಲ್ಲ ಸಾಹುಕಾರ ಕೇಳೋ ಮೊದಲು ನೀನೇ ಕೊಯ್ದು ತೋರಿಸು ಅಂದಳು. ಅವತ್ತಿನಿಂದ ಆ ದಂಡೆಯ ಉಂಡೆ ಅಂದ್ರೆ ಏಳು ಸಮುದ್ರದಲ್ಲೂ ಯಾರೂ ಗರಗಸ ಎತ್ತುತ್ತಿರಲಿಲ್ಲವಂತೆ.

ಆಮೇಲೆ ಆ ಮರದ ಬೀಜ ಯಾರೋ ಹಡಗಿನಲ್ಲಿ ಬೇರೆ ದೇಶಕ್ಕೆ ಹೊತ್ತೊಯ್ದರಂತೆ. ಬೀಜ ಹೋಯಿತು, ಆದರೆ ಕೆತ್ತೋ ಕೈ ಹೋಗಲಿಲ್ಲ. ಅಲ್ಲಿಯವರು ಎಲುಬು ಮುಟ್ಟಿ ಮುಟ್ಟಿ ಮರ ಒಣಗಿಸಿ, ಕೊನೆಗೆ ಕಲಿಸೋಕೆ ಜನ ಬೇಕು ಅಂತ ಸಣ್ಣವ್ವನ ಬಾಗಿಲಿಗೇ ಬಂದರಂತೆ. ಅವಳು ಯಾರನ್ನು ಕಳಿಸಿದಳು ಗೊತ್ತೇ? ದೊಡ್ಡಣ್ಣನನ್ನು! ಉರುಳಿಸಿದವನಿಗೇ ಅಲ್ಲವೇ ಮರದ ಬೆಲೆ ಗೊತ್ತಿರೋದು.

ಅವನ ಕೈಯಿಂದ ಇನ್ನೊಂದು ಕೈ, ಆ ಕೈಯಿಂದ ಮತ್ತೊಂದು ಕೈ, ದಾಟಿ ದಾಟಿ ಆ ವಿದ್ಯೆ ನಮ್ಮ ಘಟ್ಟದ ಬುಡಕ್ಕೂ ಬಂತು ಮಗಾ. ಬೆಳಿಗ್ಗೆ ನಿನ್ನಮ್ಮ ರಬ್ಬರ್ ತೋಟದಲ್ಲಿ ಕತ್ತಿ ಇಡೋ ಮೊದಲು ಬಾಯೊಳಗೇ ಏನೋ ಗುನುಗ್ತಾಳಲ್ಲ, ಅದೇ ಇದು. ಇವತ್ತಿನದು ಕೊಡು, ನಾಳೆಯದು ನಿನ್ನಲ್ಲೇ ಇರಲಿ.

ಸಣ್ಣವ್ವ ಅಲ್ಲಿ ಸುಖವಾಗಿದ್ದಳು, ನಾವು ಇಲ್ಲಿ ಸುಖವಾಗಿದ್ದೇವೆ. ಚಿಪ್ಪು ತುಂಬಿತು, ಹಾಲು ನಿಂತಿತು, ಕತೆ ಮುಗೀತು. ನಿನ್ನ ಕೈಲಿರೋ ಆ ರಬ್ಬರ್ ಚೆಂಡು ಬದಿಗಿಟ್ಟು ಮಲಗು.